ಗುಟ್ಟು ಅವರಲ್ಲೇ ಇರಲಿ, ಚರಿತ್ರೆ ನಮಗೆ ಬೇಕು

(ಮೈಸೂರಿನಲ್ಲಿ ಜಾದೂ ಕಲಾವಿದರು, ಹವ್ಯಾಸಿ ರಂಗಭೂಮಿಯವರು, ಶಾಲಾ ಶಿಕ್ಷಕರು ಸೇರಿದ್ದ ಸಭೆಯಲ್ಲಿ ಆಡಿದ ಮಾತುಗಳ ಬರಹ ರೂಪ. ಮಾತಿನ ಭರದಲ್ಲಿ ಬಿಟ್ಟುಹೋಗಿದ್ದ ಕೆಲವು ಇಸವಿಗಳನ್ನು ಬರೆಯುವಾಗ ಸೇರಿಸಿದ್ದೇನೆ.)

ಎಲ್ಲರಿಗೂ ನಮಸ್ಕಾರ.

ನಾನು ಜಾದೂಗಾರನಲ್ಲ. ಓಲೆಗರಿ, ಹಳೆಯ ಕಾಗದ, ಹಳೆಯ ಫೋಟೊಗಳು ಕೆಡದ ಹಾಗೆ ನೋಡಿಕೊಳ್ಳುವ ಕೆಲಸದಲ್ಲಿ ವಯಸ್ಸು ಕಳೆದವನು. ಈ ಸಭೆಗೆ ಕರೆದಾಗ ತಕ್ಷಣ ಒಪ್ಪಿಕೊಂಡೆ, ಅದಕ್ಕೆ ಕಾರಣವಿದೆ. ನಮ್ಮ ಮೈಸೂರು, ಮಂಡ್ಯ ಸೀಮೆಯಲ್ಲಿ ಊರೂರು ತಿರುಗಿ, ಶಾಲೆಯ ಹಜಾರದಲ್ಲಿ, ಜಾತ್ರೆಯ ಡೇರೆಯಲ್ಲಿ, ಪುರಭವನದಲ್ಲಿ ಮ್ಯಾಜಿಕ್ ಷೋ ಮಾಡಿದವರ ತಲೆಮಾರಿಗೆ ಈಗ ಎಂಬತ್ತರ ಆಸುಪಾಸು. ಅವರ ಟ್ರಂಕುಗಳು ಅಟ್ಟದ ಮೇಲಿವೆ. ಅವರು ಹೋದ ಮೇಲೆ ಮನೆಯವರಿಗೆ ಅದು ಏನೆಂದು ಗೊತ್ತಾಗುವುದಿಲ್ಲ. ಗುಜರಿಯವನಿಗೆ ತಗಡು, ಹಿತ್ತಾಳೆ ತೂಕಕ್ಕೆ ಹೋಗುತ್ತದೆ, ಕಾಗದ ಒಲೆಗೆ ಹೋಗುತ್ತದೆ. ಹೀಗೆ ಹೋದದ್ದನ್ನು ಕಣ್ಣಾರೆ ಕಂಡಿದ್ದೇನೆ. ಹೊಟ್ಟೆ ಉರಿಯುತ್ತದೆ.

ಕಾಪಾಡುವ ಕೆಲಸಕ್ಕೆ ಈ ಊರು ಹೊಸದೇನಲ್ಲ. 1891ರಲ್ಲಿ ಇಲ್ಲಿ ಶುರುವಾದ ಓರಿಯಂಟಲ್ ಲೈಬ್ರರಿಗೆ ಬಂದ ಒಂದು ಓಲೆಗರಿ ಕಟ್ಟಿನಲ್ಲೇ ಆರ್. ಶಾಮಾಶಾಸ್ತ್ರಿಗಳಿಗೆ ಕೌಟಿಲ್ಯನ ಅರ್ಥಶಾಸ್ತ್ರ ಸಿಕ್ಕಿತು, 1909ರಲ್ಲಿ ಅಚ್ಚಾಯಿತು. ಆ ಕಟ್ಟು ತಂದುಕೊಟ್ಟವರು ಯಾರು? ತಂಜಾವೂರು ಕಡೆಯ ಒಬ್ಬ ಪಂಡಿತರು. ಅಷ್ಟೇ ಉಳಿದಿರುವುದು. ಪುಸ್ತಕ ಉಳಿಯಿತು, ತಂದವರ ಹೆಸರು ಹೋಯಿತು. ಜಾದೂ ವಿಷಯದಲ್ಲಿ ನಮಗೆ ಆಗಿರುವ ನಷ್ಟ ಇದಕ್ಕಿಂತ ದೊಡ್ಡದು. ವಿದ್ಯೆಯ ಹೆಸರು ಎಲ್ಲ ಕಡೆ ಇದೆ, ವಿದ್ಯಾವಂತನ ಹೆಸರು ಎಲ್ಲೂ ಇಲ್ಲ.

ನೋಡಿ, ಅರವತ್ತನಾಲ್ಕು ಕಲೆಗಳ ಪಟ್ಟಿಯಲ್ಲಿ ಇಂದ್ರಜಾಲವೂ ಇದೆ, ಹಸ್ತಲಾಘವವೂ ಇದೆ. ಏಳನೆಯ ಶತಮಾನದ ಹರ್ಷನ ರತ್ನಾವಳಿ ನಾಟಕದಲ್ಲಿ ಒಬ್ಬ ಐಂದ್ರಜಾಲಿಕ ರಾಜನ ಮುಂದೆ ಬಂದು ಆಕಾಶದಲ್ಲಿ ದೇವತೆಗಳನ್ನು ತೋರಿಸುತ್ತಾನೆ, ಅಂತಃಪುರಕ್ಕೆ ಬೆಂಕಿ ಬಿದ್ದಂತೆ ಭ್ರಮೆ ಹುಟ್ಟಿಸುತ್ತಾನೆ. ನಮ್ಮ ಕಲ್ಯಾಣ ಚಾಲುಕ್ಯರ ಮೂರನೆಯ ಸೋಮೇಶ್ವರ ಹನ್ನೆರಡನೆಯ ಶತಮಾನದಲ್ಲಿ ಬರೆದ ಮಾನಸೋಲ್ಲಾಸದಲ್ಲಿ ರಾಜನ ವಿನೋದಗಳ ಸಾಲಿನಲ್ಲಿ ಚಮತ್ಕಾರ ವಿನೋದಕ್ಕೂ ಜಾಗವಿದೆ. ಮಲ್ಲರ ಪಕ್ಕ, ಗಾಯಕರ ಪಕ್ಕ, ನರ್ತಕರ ಪಕ್ಕ ಜಾದೂ ಕೂತಿದೆ. ಗೌರವದ ಜಾಗವೇ. ಆದರೆ ಆ ಚಮತ್ಕಾರ ತೋರಿಸಿದ ಒಬ್ಬನ ಹೆಸರಾದರೂ ನಮಗೆ ಗೊತ್ತಿದೆಯೇ?

ಇತ್ತೀಚಿನ ಕಾಲಕ್ಕೆ ಬಂದರೂ ಕಥೆ ಇದೇ. 1830ರ ಸುಮಾರಿಗೆ ಮದರಾಸಿನಲ್ಲಿ ಒಬ್ಬ ಮುದುಕ ಗಾಳಿಯಲ್ಲಿ ಕೂರುತ್ತಿದ್ದ. ಒಂದು ಕೈ ಮಾತ್ರ ಕೋಲಿಗೆ ತಾಗಿರುತ್ತಿತ್ತು, ಮೈ ನೆಲಬಿಟ್ಟು ಮೇಲಿರುತ್ತಿತ್ತು. ಇಂಗ್ಲಿಷರು ಬೆರಗಾಗಿ ಚಿತ್ರ ಬರೆದರು, ಪತ್ರಿಕೆಗಳಲ್ಲಿ ಅಚ್ಚು ಹಾಕಿದರು. ಹೆಸರನ್ನು ‘ಶೇಷಾಲ್’ ಎಂದು ಬರೆದಿಟ್ಟರು. ಶೇಷಯ್ಯನೋ, ಶೇಷಾಚಲನೋ, ಯಾರು ಹೇಳಬೇಕು? ಮುಂದೆ 1847ರಲ್ಲಿ ಪ್ಯಾರಿಸ್ಸಿನಲ್ಲಿ ರಾಬರ್ಟ್ ಹೂಡಿನ್ ಎಂಬ ಜಾದೂಗಾರ ತನ್ನ ಮಗನನ್ನು ಕೋಲಿನ ಆಸರೆಯಲ್ಲಿ ಗಾಳಿಯಲ್ಲಿ ಮಲಗಿಸಿ ತೋರಿಸಿದ. ಅವನ ಊರಾದ ಬ್ಲುವಾದಲ್ಲಿ ಇವತ್ತು ಅವನ ಹೆಸರಿನ ಜಾದೂ ಮ್ಯೂಸಿಯಂ ಇದೆ, 1998ರಿಂದ. ನಮ್ಮ ಮುದುಕನಿಗೆ ಸರಿಯಾದ ಹೆಸರೂ ಉಳಿಯಲಿಲ್ಲ.

ರಾಮೋ ಸಾಮಿ ಎಂಬ ಇನ್ನೊಬ್ಬನಿದ್ದ. ರಾಮಸ್ವಾಮಿಯೇ ಇರಬೇಕು. ದಕ್ಷಿಣ ಭಾರತದಿಂದ ಹಡಗು ಹತ್ತಿ ಲಂಡನ್ನಿಗೆ ಹೋಗಿ, ಕತ್ತಿ ನುಂಗಿ, ಚೆಂಡು ಹಾರಿಸಿ, ಬಾಯೊಳಗೇ ಮಣಿ ಪೋಣಿಸಿ ತೋರಿಸಿ, ಮೂರು ದಶಕಕ್ಕೂ ಮಿಕ್ಕಿ ಹೆಸರು ಮಾಡಿದ. 1850ರಲ್ಲಿ ಅಲ್ಲೇ ಸತ್ತ. ಮಣ್ಣು ಮಾಡಲೂ ಕಾಸಿಲ್ಲದೆ ಅವನ ಹೆಂಡತಿ ಪತ್ರಿಕೆಯ ಮೂಲಕ ಸಹಾಯ ಕೇಳಬೇಕಾಯಿತು.

ಇದಕ್ಕೆ ಪಕ್ಕದಲ್ಲಿ ಹಗ್ಗದ ಜಾದೂ ಇಟ್ಟು ನೋಡಿ. ಹಗ್ಗ ಆಕಾಶಕ್ಕೆ ನೆಟ್ಟಗೆ ನಿಲ್ಲುವುದು, ಹುಡುಗ ಹತ್ತಿ ಮಾಯವಾಗುವುದು. ಭಾರತದ ಜಾದೂ ಎಂದರೆ ಜಗತ್ತಿಗೆ ಮೊದಲು ನೆನಪಾಗುವುದು ಅದೇ. 1890ರ ಆಗಸ್ಟ್ 8ರಂದು ಚಿಕಾಗೋ ಟ್ರಿಬ್ಯೂನ್ ಪತ್ರಿಕೆ ಅದನ್ನು ಕಣ್ಣಾರೆ ಕಂಡಂತೆ ವರದಿ ಮಾಡಿತು. ನಾಲ್ಕು ತಿಂಗಳ ಮೇಲೆ ಆ ವರದಿ ಕಟ್ಟುಕಥೆ ಎಂದು ಅದೇ ಪತ್ರಿಕೆ ಒಪ್ಪಿಕೊಂಡಿತು. ಒಪ್ಪಿಕೊಂಡದ್ದನ್ನು ಯಾರೂ ಓದಲಿಲ್ಲ, ಕಥೆ ಮಾತ್ರ ಲೋಕ ಸುತ್ತಿತು. 1934ರಲ್ಲಿ ಲಂಡನ್ನಿನ ಜಾದೂಗಾರರ ಸಂಘ ಮ್ಯಾಜಿಕ್ ಸರ್ಕಲ್‌ನವರು ಮಾಡಿ ತೋರಿಸಿದವರಿಗೆ 500 ಗಿನಿ ಬಹುಮಾನ ಎಂದು ಸವಾಲು ಹಾಕಿದ್ದರು. ನಡೆಯದ ಒಂದು ಆಟಕ್ಕೆ ಇಷ್ಟು ಚರಿತ್ರೆಯಿದೆ. ನೆಲದ ಮೇಲೆ ಕೂತು, ಯಾವ ಪರದೆಯೂ ಇಲ್ಲದೆ, ಸುತ್ತ ನಿಂತ ಜನರ ನಡುವೆ, ಬೋರಲು ಬಟ್ಟಲ ಕೆಳಗೆ ಉಂಡೆ ಬಂದು ಹೋಗುವ ಬಟ್ಟಲು ಉಂಡೆಯ ಆಟ ಆಡಿದ ಸಾವಿರಾರು ಜನರಿಗೆ ಒಂದು ಸಾಲೂ ಇಲ್ಲ. ಬರೆದಿಡದಿದ್ದರೆ ಹೀಗೇ ಆಗುವುದು, ಖಾಲಿ ಜಾಗಕ್ಕೆ ಯಾರದೋ ಕಟ್ಟುಕಥೆ ಬಂದು ಕೂರುತ್ತದೆ.

ಆ ಬಟ್ಟಲು ಉಂಡೆಯ ಆಟದ ಬಗ್ಗೆ ಸ್ವಲ್ಪ ನಿಲ್ಲಬೇಕು. ಪಶ್ಚಿಮದವರು ಲೋಹದ ಲೋಟಗಳನ್ನು ಮೇಜಿನ ಮೇಲಿಟ್ಟು ನಿಂತು ಆಡುತ್ತಾರೆ. ನಮ್ಮವರದು ಮರದ ಕಿರಿದಾದ ಬಟ್ಟಲು, ತಲೆಯ ಮೇಲೆ ಒಂದು ಗುಬಟು, ಆ ಗುಬಟನ್ನು ಎರಡು ಬೆರಳ ಸಂದಿಯಲ್ಲಿ ಹಿಡಿದು ಎತ್ತುವುದು, ಬಟ್ಟೆಯ ಉಂಡೆ. ಹಿಡಿತವೇ ಬೇರೆ, ಆದ್ದರಿಂದ ಕೈಚಳಕವೂ ಬೇರೆ. ನಮ್ಮ ರಾಜ್ಯದಲ್ಲಿ ಕೈಚಳಕವನ್ನು ಕುಲವಿದ್ಯೆಯಾಗಿ ಉಳಿಸಿಕೊಂಡು ಬಂದವರು ಸುಡುಗಾಡು ಸಿದ್ಧರು ಎಂಬ ಅಲೆಮಾರಿ ಸಮುದಾಯದವರು. ಅದನ್ನು ಜನಪದ ಕಲೆ ಎಂದು ನಾವು ಒಪ್ಪಿದ್ದೇವೆ, ಸಂತೋಷ. ಆದರೆ ಅವರ ಆಟ ದಾಖಲಿಸಲು ಹೋದವರು ವೇಷದ ಫೋಟೊ ತೆಗೆದುಕೊಂಡು ಬರುತ್ತಾರೆ. ಆಡುವಾಗ ಅವರು ಆಡುವ ಮಾತು, ಕೇಳುವವರನ್ನು ನಗಿಸಿ ನೋಟ ಬೇರೆ ಕಡೆ ತಿರುಗಿಸುವ ಆ ಮಾತು, ಯಾರ ಟೇಪಿನಲ್ಲೂ ಪೂರ್ತಿ ಇಲ್ಲ. ಜಾದೂವಿನಲ್ಲಿ ಅರ್ಧ ಕೆಲಸ ಮಾಡುವುದೇ ಮಾತು. ಕನ್ನಡದಲ್ಲಿ ಆಡಿದ ಆ ಮಾತು ಕನ್ನಡದ ಆಸ್ತಿ.

ಬೀದಿಯಲ್ಲಿ ಆಡುವವರ ಹೆಸರು ಸರ್ಕಾರಿ ಕಾಗದದಲ್ಲಿ ಸಿಗುವುದಿದ್ದರೆ ಅದು ಹೆಚ್ಚಾಗಿ ಪೊಲೀಸರ ಕಡತದಲ್ಲಿ. 1959ರ ಬಾಂಬೆ ಭಿಕ್ಷಾಟನೆ ತಡೆ ಕಾಯ್ದೆ ಹಾಡಿ, ಕುಣಿದು, ಭವಿಷ್ಯ ಹೇಳಿ, ಆಟ ತೋರಿಸಿ ಕಾಸು ಪಡೆಯುವುದನ್ನೂ ಭಿಕ್ಷೆ ಎಂದೇ ಎಣಿಸಿತು. ಕಲಾವಿದ ಆರೋಪಿಯಾಗಿ ದಾಖಲಾದ. ಇದು ನನಗೆ ಬಹಳ ನೋವಿನ ಸಂಗತಿ.

ಇನ್ನು ರಂಗದ ಮೇಲಿನ ಜಾದೂ. ಪಿ.ಸಿ. ಸರ್ಕಾರ್ ಅವರ ಹೆಸರು ಹೇಳದೆ ಮುಂದೆ ಹೋಗುವಂತಿಲ್ಲ. 1913ರ ಫೆಬ್ರವರಿ 23ರಂದು ಈಗಿನ ಬಾಂಗ್ಲಾದೇಶದ ಟಾಂಗೈಲ್‌ನಲ್ಲಿ ಹುಟ್ಟಿದರು. 1971ರ ಜನವರಿಯಲ್ಲಿ ಜಪಾನಿನಲ್ಲಿ ಪ್ರದರ್ಶನದ ಪ್ರವಾಸದಲ್ಲಿದ್ದಾಗಲೇ ತೀರಿಕೊಂಡರು. 1956ರ ಏಪ್ರಿಲ್ 9ರಂದು ಬಿಬಿಸಿಯಲ್ಲಿ ಅವರು ಒಬ್ಬ ಹುಡುಗಿಯನ್ನು ಗರಗಸದಿಂದ ಎರಡು ತುಂಡು ಮಾಡಿ ತೋರಿಸಿದರು. ಕೈ ತಟ್ಟಿ ಎಬ್ಬಿಸಿದರೂ ಹುಡುಗಿ ಏಳುತ್ತಿಲ್ಲ ಎನ್ನುವಾಗಲೇ ನಿರೂಪಕರು ಅಡ್ಡ ಬಂದು ಕಾರ್ಯಕ್ರಮ ಮುಗಿಸಿಬಿಟ್ಟರು. ನೋಡುತ್ತಿದ್ದವರು ಕೊಲೆಯೇ ಆಗಿಹೋಯಿತೆಂದು ಬಿಬಿಸಿಗೆ ಫೋನಿನ ಮೇಲೆ ಫೋನು ಮಾಡಿದರು. ಮಾರನೆಯ ದಿನ ಪತ್ರಿಕೆಗಳಲ್ಲಿ ಅದೇ ಸುದ್ದಿ. ಆ ಹುಡುಗಿಗೆ ಹದಿನೇಳು ವರ್ಷ, ಹೆಸರು ದೀಪ್ತಿ ಡೇ. ಆ ಗಲಾಟೆ ಆದ್ದರಿಂದ ಅವಳ ಹೆಸರು ಉಳಿಯಿತು. ಪೆಟ್ಟಿಗೆಯೊಳಗೆ ಮೈ ಮುದುರಿ ಕೂತ, ಗಾಳಿಯಲ್ಲಿ ತೇಲಿದ, ಕತ್ತಿಗಳ ನಡುವೆ ಉಸಿರು ಹಿಡಿದ ಉಳಿದ ಹೆಣ್ಣುಮಕ್ಕಳ ಹೆಸರು ಎಲ್ಲಿ? ಈ ಪ್ರಶ್ನೆಗೆ ಆಮೇಲೆ ಬರುತ್ತೇನೆ, ಮಂಡ್ಯದ ಒಂದು ಮನೆಯಲ್ಲಿ ನನಗೆ ಇದಕ್ಕೆ ಉತ್ತರದ ಒಂದು ತುಣುಕು ಸಿಕ್ಕಿತು.

ನಮ್ಮ ಸೀಮೆಯಲ್ಲಿ ರಂಗದ ಜಾದೂ ಹುಡುಕುವವರು ಜಾದೂಗಾರರ ಮನೆಗಳಿಗೆ ಮಾತ್ರ ಹೋದರೆ ಸಾಲದು. ಕಂಪನಿ ನಾಟಕಗಳ ಟ್ರಿಕ್ ಸೀನು ನೆನಪಿಸಿಕೊಳ್ಳಿ. ನಾರದರು ಮೋಡದಿಂದ ಇಳಿಯಬೇಕು, ಕಂಬ ಸೀಳಿ ನರಸಿಂಹ ಬರಬೇಕು, ದ್ರೌಪದಿಯ ಸೀರೆ ಎಳೆದಷ್ಟೂ ಬರಬೇಕು. ಗುಬ್ಬಿ ಕಂಪನಿ ರಂಗದ ಮೇಲೆ ಆನೆ ಕುದುರೆಗಳನ್ನೇ ತಂದಿತ್ತು. ಇವತ್ತಿಗೂ ಮಂಡ್ಯದ ಹಳ್ಳಿಗಳಲ್ಲಿ ಕುರುಕ್ಷೇತ್ರ ಆಡುತ್ತಾರೆ, ಡ್ರಾಮಾ ಸೀನರಿಯವರು ಬಾಡಿಗೆಗೆ ಪರದೆ, ರಥ, ಸಿಂಹಾಸನ ತರುತ್ತಾರೆ. ಆ ಸೀರೆಯ ಟ್ರಿಕ್ಕು ಕಲಿಸಿದವರು ಯಾರು, ಅವರಿಗೆ ಕಲಿಸಿದವರು ಯಾರು ಎಂದು ಸೀನರಿಯವರನ್ನು ಕೇಳಿ ನೋಡಿ. ಬೆಳಕು, ಕನ್ನಡಿ, ಕಪ್ಪು ಬಟ್ಟೆ, ತಂತಿ ಇವುಗಳ ಜ್ಞಾನ ಜಾದೂಗಾರರಿಂದ ನಾಟಕದವರಿಗೆ, ನಾಟಕದವರಿಂದ ಜಾದೂಗಾರರಿಗೆ ಹರಿದಾಡಿದೆ. ಇದನ್ನು ಬಿಡಿಸಿ ಬರೆದವರು ಇನ್ನೂ ಹುಟ್ಟಬೇಕು. ಇಲ್ಲಿ ಕೂತಿರುವ ರಂಗಭೂಮಿಯ ಹುಡುಗರಲ್ಲಿ ಯಾರಾದರೂ ಕೈ ಹಾಕಿದರೆ ನನಗೆ ಬಹಳ ಸಂತೋಷ.

ದಸರಾ ವಸ್ತುಪ್ರದರ್ಶನದಲ್ಲಿ, ಚುಂಚನಕಟ್ಟೆ, ಹೇಮಗಿರಿ, ಮುಡುಕುತೊರೆ ಜಾತ್ರೆಗಳಲ್ಲಿ ನಾಗಕನ್ಯೆಯ ಡೇರೆ ನೋಡಿದವರು ಈ ಸಭೆಯಲ್ಲಿ ಬಹಳ ಜನ ಇರುತ್ತೀರಿ. ಹುಡುಗಿಯ ತಲೆ, ಹಾವಿನ ಮೈ. ಕೇಳಿದ ಪ್ರಶ್ನೆಗೆ ಅವಳು ಉತ್ತರ ಹೇಳುತ್ತಾಳೆ. ಹೊರಗೆ ಮೈಕಿನಲ್ಲಿ ‘ಬನ್ನಿ ಬನ್ನಿ’ ಎಂದು ಕೂಗು. 1865ರ ಅಕ್ಟೋಬರಿನಲ್ಲಿ ಲಂಡನ್ನಿನ ಈಜಿಪ್ಷಿಯನ್ ಹಾಲ್‌ನಲ್ಲಿ ಕರ್ನಲ್ ಸ್ಟೋಡೇರ್ ಎಂಬ ಜಾದೂಗಾರ ಮೇಜಿನ ಮೇಲಿಟ್ಟ ಪೆಟ್ಟಿಗೆ ತೆರೆದು, ಒಳಗಿದ್ದ ಬರಿಯ ತಲೆಯೊಂದು ಕಣ್ಣು ಬಿಟ್ಟು ಮಾತಾಡುವುದನ್ನು ತೋರಿಸಿದ. ಆ ಆಟದ ಹೆಸರು ಸ್ಫಿಂಕ್ಸ್. ಅದರ ವಂಶದ ಕುಡಿಯೇ ನಮ್ಮ ಜಾತ್ರೆಯ ನಾಗಕನ್ಯೆ. ಲಂಡನ್ನಿನ ಭವ್ಯ ಹಾಲ್‌ನಿಂದ ಕಾವೇರಿ ದಡದ ದನಗಳ ಜಾತ್ರೆಯವರೆಗೆ ಒಂದು ಆಟ ನಡೆದುಕೊಂಡು ಬಂದಿದೆ. ಆ ದಾರಿಯಲ್ಲಿ ಅದಕ್ಕೆ ಹಾವಿನ ಮೈ ಯಾರು ತೊಡಿಸಿದರು, ಕನ್ನಡ ಯಾರು ಕಲಿಸಿದರು? ಡೇರೆಯವರ ಮನೆಗಳಲ್ಲಿ ಇದಕ್ಕೆ ಉತ್ತರ ಇದೆ. ಜಾತ್ರೆಯಿಂದ ಜಾತ್ರೆಗೆ ಹೋಗುವ ಅವರ ವರ್ಷದ ಸುತ್ತನ್ನು ಬರೆದುಕೊಂಡರೆ ಸಾಕು, ಅದೇ ಅರ್ಧ ಚರಿತ್ರೆ.

ಈಗ ಆ ಮಂಡ್ಯದ ಮನೆಗೆ ಬರುತ್ತೇನೆ. ಹೆಸರು, ಊರು ಹೇಳಬೇಡಿ ಎಂದು ಮನೆಯವರು ಕೇಳಿಕೊಂಡಿದ್ದಾರೆ. ಜಿಲ್ಲೆಯ ಒಂದು ಸಣ್ಣ ಊರು. ಯಜಮಾನರು ಊರೂರು ತಿರುಗಿ ಷೋ ಮಾಡಿದವರು, ತೀರಿಕೊಂಡು ಬಹಳ ಕಾಲವಾಗಿದೆ. ಎಂಬತ್ತು ದಾಟಿದ ಅವರ ಹೆಂಡತಿ ಇದ್ದಾರೆ. ಮೊಮ್ಮಗ ಅಟ್ಟದಿಂದ ಟ್ರಂಕು ಇಳಿಸಿದ. ಮೇಲುಗಡೆ ರೇಷ್ಮೆ ಕರವಸ್ತ್ರಗಳು, ಮಡಿಕೆ ಬಿದ್ದಲ್ಲೆಲ್ಲ ಸೀಳಿದ್ದವು. ಕೆಳಗೆ ಶಾಲೆಗಳ ಹೆಡ್‌ಮಾಸ್ಟರುಗಳು ಬರೆದುಕೊಟ್ಟ ಪ್ರಶಂಸಾ ಪತ್ರಗಳ ಒಂದು ಕಟ್ಟು, ಗುಂಡುಪಿನ್ನಿನ ತುಕ್ಕು ಕಾಗದ ತಿಂದುಹಾಕಿತ್ತು. ಇಂಥ ಪತ್ರ ತೋರಿಸಿಯೇ ಮುಂದಿನ ಶಾಲೆಯಲ್ಲಿ ಷೋ ಹಿಡಿಯುತ್ತಿದ್ದರು, ಆದ್ದರಿಂದ ಒಂದರ ಮೇಲೊಂದು ಇಟ್ಟು ಓದಿದರೆ ಅವರು ನಡೆದ ದಾರಿಯೇ ಕಾಣುತ್ತದೆ. ಮದ್ದೂರು, ಮಳವಳ್ಳಿ, ಕೊಳ್ಳೇಗಾಲ, ಹೀಗೆ.

ಕಟ್ಟಿನ ಅಡಿಯಲ್ಲಿ ಒಂದು ಹ್ಯಾಂಡ್‌ಬಿಲ್ಲು, ಗುಲಾಬಿ ಬಣ್ಣದ ತೆಳು ಕಾಗದ. ‘ತಾ. 14-12, ಶನಿವಾರ ರಾತ್ರಿ 9-30ಕ್ಕೆ ಸರಿಯಾಗಿ.’ ಇಸವಿ ಇಲ್ಲ. ಹ್ಯಾಂಡ್‌ಬಿಲ್ಲಿನಲ್ಲಿ ಇಸವಿ ಹಾಕುವ ರೂಢಿಯೇ ಇರಲಿಲ್ಲ, ನಾಳೆಗೆ ಯಾರು ನೋಡುತ್ತಾರೆ ಎಂಬ ಭಾವನೆ. ಇಸವಿ ಕಂಡುಹಿಡಿಯುವುದು ಹೇಗೆ ಎಂದು ಹೇಳುತ್ತೇನೆ, ನಿಮ್ಮ ಕೈಗೂ ಇಂಥವು ಬರುತ್ತವೆ. ಡಿಸೆಂಬರ್ 14 ಶನಿವಾರ ಬಿದ್ದ ವರ್ಷಗಳು 1946, 1957, 1963, 1968, 1974. ಟಿಕೆಟ್ಟಿನ ದರ ‘50 ನಯೇ ಪೈಸೆ’ ಎಂದಿತ್ತು. ದಶಮಾಂಶ ನಾಣ್ಯ ಬಂದದ್ದು 1957ರ ಏಪ್ರಿಲ್‌ನಲ್ಲಿ, ‘ನಯೇ’ ಎಂಬ ಮಾತು ಬಿಟ್ಟದ್ದು 1964ರಲ್ಲಿ. ಅಲ್ಲಿಗೆ 1957 ಇಲ್ಲವೇ 1963. ಕೆಳಗೆ ಸಣ್ಣ ಅಕ್ಷರದಲ್ಲಿ ‘ರಾಷ್ಟ್ರೀಯ ರಕ್ಷಣಾ ನಿಧಿಯ ಸಹಾಯಾರ್ಥ’ ಎಂದಿತ್ತು. ಆ ನಿಧಿ ಶುರುವಾದದ್ದು ಚೀನಾ ಯುದ್ಧದ ಹೊತ್ತಿಗೆ, 1962ರಲ್ಲಿ. ಅಂದರೆ ಇದು 1963ರ ಡಿಸೆಂಬರ್ 14. ಪಿನ್ ಕೋಡ್ ಇದ್ದರೆ 1972ರ ಆಗಸ್ಟ್‌ನ ನಂತರದ್ದು, ಕರ್ನಾಟಕ ರಾಜ್ಯ ಎಂದಿದ್ದರೆ 1973ರ ನವೆಂಬರ್‌ನ ನಂತರದ್ದು. ಪ್ರೆಸ್ಸಿನ ಹೆಸರು ಮೂಲೆಯಲ್ಲಿ ಇದ್ದೇ ಇರುತ್ತದೆ, ಅದನ್ನು ಕತ್ತರಿಸಿ ಫ್ರೇಮು ಹಾಕಿಸಬೇಡಿ.

1963 ಎಂದು ನಾನು ಹೇಳಿದ್ದೇ ತಡ, ಗೋಡೆಗೆ ಒರಗಿ ಕೂತಿದ್ದ ಆ ಅಮ್ಮ ಮಾತು ತೆಗೆದರು.

“ಆ ವರ್ಸ ನನ್ ದೊಡ್ಮಗ ಹೊಟ್ಟೇಲಿದ್ದ ಕನಪ್ಪ. ಪೆಟ್ಗೇಲಿ ಕುಂತ್ಕಳಕ್ಕಾಯ್ತಿರ್ನಿಲ್ಲ. ನನ್ ತಂಗೀನ ಕೂರುಸುದ್ರು. ಅವ್ಳು ಎದ್ರಿ ಅಳಾಳು, ನಾನು ಸೈಡ್‌ನಲ್ಲಿ ನಿಂತ್ಕಂಡು ಇನ್ನೊಂಚೂರು ತಡ್ಕೋ ಅಂತ ಯೋಳ್ತಿದ್ದೆ.”

“ನೋಟೀಸಿನಲ್ಲಿ ನಿಮ್ಮ ಹೆಸರು ಹಾಕಿಲ್ಲವಲ್ಲಮ್ಮ?” ಎಂದು ಕೇಳಿದೆ.

“ಯಾಕಾಕಾರು? ಪ್ರೊಫೆಸರ್ ಅಂತ ಅವ್ರುದ್ ಮಾತ್ರ. ಆದ್ರೆ ಪಾರಿವಾಳುಕ್ಕೆ ನವಣೆ ಹಾಕಿ ಸಾಕ್ದೋಳು ನಾನು, ಬಟ್ಟೆ ಒಲಿದೋಳು ನಾನು, ಯಾವ್ ಐಟಮ್ಮು ಆದ್ಮೇಲೆ ಯಾವ್ದು ಅಂತ ನೆಪ್ಪಲ್ಲಿಟ್ಕಂಡೋಳೂ ನಾನೇಯ.”

ಇಡೀ ಷೋದ ಐಟಂಗಳನ್ನು ಅವರು ಮೊದಲಿನಿಂದ ಕೊನೆಯವರೆಗೆ ಸಾಲಾಗಿ ಹೇಳಿದರು. ಯಾವ ಹೊತ್ತಿಗೆ ಹಾರ್ಮೋನಿಯಂ ಜೋರಾಗಬೇಕು, ಯಾವಾಗ ಗ್ಯಾಸ್‌ಲೈಟು ತಗ್ಗಿಸಬೇಕು, ಮಕ್ಕಳು ಹೆದರಿದರೆ ಯಾವ ತಮಾಷೆ ಹೇಳಬೇಕು, ಎಲ್ಲ. ಯಾವುದೇ ಗ್ರಂಥಾಲಯದಲ್ಲಿ ಸಿಗದ ದಾಖಲೆ ಅದು. ಪೆಟ್ಟಿಗೆಯ ಒಳಗೆ ಏನಿತ್ತು ಎಂದು ನಾನು ಕೇಳಲಿಲ್ಲ, ಅವರು ಹೇಳಲೂ ಇಲ್ಲ.

ಟ್ರಂಕಿನ ತಳದಲ್ಲಿ ಒಂದು ಹಿತ್ತಾಳೆ ಚೊಂಬು ಇತ್ತು. ಬಗ್ಗಿಸಿ ಖಾಲಿ ಮಾಡಿದರೂ ಸ್ವಲ್ಪ ಹೊತ್ತಿಗೆ ಮತ್ತೆ ನೀರು ಬರುವ ಚೊಂಬು. ‘ವಾಟರ್ ಆಫ್ ಇಂಡಿಯಾ’ ಎಂಬ ಹೆಸರಿನಲ್ಲಿ ಸರ್ಕಾರ್ ಅವರು ಲೋಕಕ್ಕೆಲ್ಲ ತೋರಿಸಿದ ಆಟ ಇದು. ತಳ ತಿರುಗಿಸಿ ನೋಡಿದರೆ ಚುಕ್ಕಿಚುಕ್ಕಿಯಾಗಿ ಕೆತ್ತಿದ ಒಂದು ಹೆಣ್ಣು ಹೆಸರು, ಅಮ್ಮನ ತಾಯಿಯದು. ಮದುವೆಯಲ್ಲಿ ಕೊಟ್ಟ ಚೊಂಬನ್ನೇ ನಾಗಮಂಗಲದ ಕಂಚುಗಾರರಲ್ಲಿ ಕೊಟ್ಟು ಒಳಗೆ ಕೆಲಸ ಮಾಡಿಸಿದ್ದರಂತೆ. ಬೆಸುಗೆ ಕಾಣದ ಹಾಗೆ ಮಾಡಿದ್ದಾರೆ, ಒಳ್ಳೆಯ ಕೈ. ಜಾದೂ ಸಾಮಾನು ಕಲ್ಕತ್ತೆಯಿಂದಲೋ ಬೊಂಬಾಯಿಯಿಂದಲೋ ಬರುತ್ತಿತ್ತು ಎಂದೇ ನಾವು ತಿಳಿದಿರುವುದು. ನಮ್ಮ ಜಿಲ್ಲೆಯ ವಿಗ್ರಹ ಮಾಡುವ ಕೈಗಳಿಗೂ ಇದರಲ್ಲಿ ಪಾಲಿದೆ ಎಂದು ಆ ಚೊಂಬು ಹೇಳುತ್ತದೆ. ನಾಗಮಂಗಲದ ಮನೆಗಳಲ್ಲಿ ಇಂಥ ಕೆಲಸದ ನೆನಪು ಇನ್ನೂ ಎಷ್ಟಿದೆಯೋ, ಹೋಗಿ ಕೇಳಬೇಕು.

ಈಗ ಕೆಲಸದ ಮಾತು, ಸ್ವಲ್ಪ ಬೇಗ ಹೇಳಿ ಮುಗಿಸುತ್ತೇನೆ. ಮೊದಲನೆಯದು ಜೀವಕ್ಕೆ ಸಂಬಂಧಿಸಿದ್ದು. ಹಳೆಯ ಜಾದೂ ಟ್ರಂಕಿನಲ್ಲಿ ಫ್ಲ್ಯಾಷ್ ಪೇಪರ್ ಇರಬಹುದು. ಬೆಂಕಿ ತೋರಿಸಿದರೆ ಬೂದಿಯೂ ಉಳಿಯದೆ ಧಗ್ಗೆಂದು ಮಾಯವಾಗುವ ಕಾಗದ. ಅದು ನೈಟ್ರೋಸೆಲ್ಯುಲೋಸ್. ಒಣಗಿ ಹಳತಾದಷ್ಟೂ ಅಪಾಯ. ದೀಪ, ಬೀಡಿ, ಊದುಬತ್ತಿ ದೂರವಿಟ್ಟು ಟ್ರಂಕು ತೆರೆಯಿರಿ. ಅಂಥ ಕಾಗದವೋ ಹತ್ತಿಯೋ ಕಂಡರೆ ನೀರಿನಲ್ಲಿ ನೆನೆಸಿಟ್ಟು ತಿಳಿದವರನ್ನು ಕರೆಯಿರಿ. ಹೆಸರಿಲ್ಲದ ಪುಡಿ ಇರುವ ಶೀಷೆಗಳನ್ನು ಮೂಸಿ ನೋಡಬೇಡಿ.

ಕಾಗದಕ್ಕೆ ಲ್ಯಾಮಿನೇಷನ್ ಮಾಡಿಸಬೇಡಿ. ಇದನ್ನು ಕೈ ಮುಗಿದು ಕೇಳುತ್ತೇನೆ. ಶಾಖದಲ್ಲಿ ಪ್ಲಾಸ್ಟಿಕ್ ಕಾಗದದೊಳಗೇ ಸೇರಿಕೊಳ್ಳುತ್ತದೆ, ಆಮೇಲೆ ಬಿಡಿಸಲು ಬರುವುದಿಲ್ಲ. ಸೆಲ್ಲೋಟೇಪ್ ಕೂಡ ಅಷ್ಟೇ. ಪಿನ್ನು ಮೆತ್ತಗೆ ತೆಗೆಯಿರಿ, ಎಳೆಯಬೇಡಿ. ರೇಷ್ಮೆ ಬಟ್ಟೆಯನ್ನು ಒಗೆಯಬೇಡಿ, ಬಣ್ಣ ಬಿಡುತ್ತದೆ. ಹಳೆಯ ಮಡಿಕೆಯಲ್ಲೇ ಮತ್ತೆ ಮಡಿಸದೆ ಬಿಳಿ ಹತ್ತಿ ಬಟ್ಟೆಯೊಳಗೆ ಸುತ್ತಿಡಿ. ಎಂಬತ್ತು, ತೊಂಬತ್ತರ ದಶಕದ ಷೋಗಳ ವಿಡಿಯೊ ಕ್ಯಾಸೆಟ್‌ಗಳಿದ್ದರೆ ಅವಕ್ಕೆ ಮೊದಲ ಪಾಳಿ. ಟೇಪಿಗೆ ಬೂಷ್ಟು ಹಿಡಿಯುತ್ತದೆ. ಅದನ್ನು ಓಡಿಸುವ ವಿಸಿಆರ್ ತಯಾರಿಸುತ್ತಿದ್ದ ಕೊನೆಯ ಕಂಪನಿಯೂ 2016ರಲ್ಲಿ ನಿಲ್ಲಿಸಿತು. ಇರುವ ಮೆಷಿನ್ನುಗಳು ಕೆಡುವ ಮೊದಲೇ ಕಂಪ್ಯೂಟರಿಗೆ ಇಳಿಸಿಕೊಳ್ಳಬೇಕು.

ಆದರೆ ಸಾಮಾನಿಗಿಂತ ಮೊದಲು ಮನುಷ್ಯರು. ಚೊಂಬು ಇನ್ನು ಹತ್ತು ವರ್ಷ ಕಾಯುತ್ತದೆ. ಆ ಅಮ್ಮ ಕಾಯುವ ಸ್ಥಿತಿಯಲ್ಲಿಲ್ಲ.

ಈ ಮಾತು ಆಡಿದಾಗಲೆಲ್ಲ ಜಾದೂಗಾರರ ಮುಖ ಬಿಗಿಯುತ್ತದೆ, ಇಲ್ಲೂ ಕಂಡೆ. ಚರಿತ್ರೆ ಬರೆಯುತ್ತೇವೆ ಎಂದು ಬಂದವರು ಗುಟ್ಟು ಕಸಿದುಕೊಂಡು ಹೋಗುತ್ತಾರೆ ಎಂಬ ಭಯ. ಆ ಭಯ ನ್ಯಾಯವಾದದ್ದೇ, ಅದೇ ಅವರ ಅನ್ನ. ಚುಂಗ್ ಲಿಂಗ್ ಸೂ ಎಂಬ ಹೆಸರಿನಲ್ಲಿ ಚೀನಾದವನಂತೆ ವೇಷ ಹಾಕಿ ವರ್ಷಗಟ್ಟಲೆ ಜಾದೂ ಆಡಿದ ಒಬ್ಬ ಅಮೆರಿಕದವನಿದ್ದ, ನಿಜವಾದ ಹೆಸರು ವಿಲಿಯಂ ರಾಬಿನ್ಸನ್. ಹಾರಿಸಿದ ಗುಂಡನ್ನು ಹಿಡಿಯುವುದು ಅವನ ಆಟ. 1918ರ ಮಾರ್ಚ್ 23ರ ರಾತ್ರಿ ಲಂಡನ್ನಿನಲ್ಲಿ ಗುಂಡು ನಿಜವಾಗಿಯೇ ಎದೆಗೆ ಹೊಕ್ಕಿತು, ಮಾರನೆಯ ದಿನ ಸತ್ತ. ಬಂದೂಕಿನ ಗುಟ್ಟು ಸಾವಿನ ವಿಚಾರಣೆಯಲ್ಲಿ ಬಯಲಾಯಿತು. ಕಲಾವಿದನ ಕುಟುಂಬ ತಾನಾಗಿ, ಗೌರವದಿಂದ ಒಪ್ಪಿಸಬೇಕಾದ ವಿದ್ಯೆ ಶವಪರೀಕ್ಷೆಯ ಕಾಗದದ ಜೊತೆ ಹೊರಬಂತು. ಹಾಗಾಗಬಾರದು.

ದಾರಿ ಇದೆ. ಗ್ರಂಥಾಲಯಗಳಲ್ಲಿ, ದಾಖಲೆ ಭಂಡಾರಗಳಲ್ಲಿ ಷರತ್ತಿನ ಮೇಲೆ ಕೊಡುವ ಪದ್ಧತಿ ಹಳೆಯದು. ಫೋಟೊ, ಹ್ಯಾಂಡ್‌ಬಿಲ್ಲು, ಪತ್ರ, ಸಂದರ್ಶನ ಇವು ಎಲ್ಲರಿಗೂ ತೆರೆದಿರಲಿ. ಐಟಂ ಹೇಗೆ ಮಾಡುವುದು ಎಂಬುದನ್ನು ಬರೆದರೆ ಬೇರೆ ಲಕೋಟೆಯಲ್ಲಿ ಹಾಕಿ ಮೊಹರು ಮಾಡಿ, ಇಷ್ಟು ವರ್ಷ ಯಾರೂ ತೆರೆಯುವಂತಿಲ್ಲ ಎಂದೋ, ಜಾದೂ ಕಲಿಯುವವರಿಗೆ ಮಾತ್ರ ಎಂದೋ ಬರೆದುಕೊಡಿ. ಬರೆಯದಿದ್ದರೂ ಸರಿ, ನಾನು ಕೇಳುವುದಿಲ್ಲ. ನೀವು ಎಲ್ಲಿ ಹುಟ್ಟಿದಿರಿ, ಯಾರಿಂದ ಕಲಿತಿರಿ, ಮೊದಲ ಷೋಗೆ ಎಷ್ಟು ಕೊಟ್ಟರು, ಯಾವ ಊರಿನಲ್ಲಿ ಕಲ್ಲು ಬಿತ್ತು, ಯಾವ ಊರಿನಲ್ಲಿ ಹಾರ ಬಿತ್ತು, ಜೊತೆಯಲ್ಲಿ ದುಡಿದವರು ಯಾರು, ಇದರಲ್ಲಿ ಯಾವುದೂ ಗುಟ್ಟಲ್ಲ.

ಹೊರಗೆ ಇದನ್ನು ಮಾಡಿಯೇ ಇದ್ದಾರೆ. ಅಮೆರಿಕದ ಜಾದೂಗಾರ ಹೂಡಿನಿ 1926ರಲ್ಲಿ ತೀರಿಕೊಂಡಾಗ ಅವನ ಸುಮಾರು 4,000 ಪುಸ್ತಕಗಳ ಸಂಗ್ರಹ ಅಮೆರಿಕದ ಲೈಬ್ರರಿ ಆಫ್ ಕಾಂಗ್ರೆಸ್‌ಗೆ ಹೋಯಿತು. ಮಿಷಿಗನ್‌ನ ಮಾರ್ಷಲ್ ಎಂಬ ಸಣ್ಣ ಊರಿನಲ್ಲಿ ರಾಬರ್ಟ್ ಲಂಡ್ ಎಂಬ ಪತ್ರಕರ್ತ ಹೆಂಡತಿಯೊಡನೆ ಸೇರಿ 1978ರಲ್ಲಿ ಜಾದೂ ಮ್ಯೂಸಿಯಂ ತೆರೆದ. ನಮಗೆ ಹತ್ತಿರದ ಮಾದರಿ ಬೇಕಾದರೆ ಕೇರಳ ನೋಡಿ. ವಾಳಕ್ಕುನ್ನಂ ನಂಬೂದಿರಿಯವರನ್ನು ಅಲ್ಲಿನವರು ಗುರು ಎಂದು ನೆನೆಯುತ್ತಾರೆ, ತಿರುವನಂತಪುರದಲ್ಲಿ ಗೋಪಿನಾಥ್ ಮುತುಕಾಡ್ 1996ರಲ್ಲಿ ಮ್ಯಾಜಿಕ್ ಅಕಾಡೆಮಿ ಕಟ್ಟಿದರು. ಮೈಸೂರಿಗೆ ಹೊಸ ಕಟ್ಟಡವೇನೂ ಬೇಕಾಗಿಲ್ಲ. ಮಾನಸಗಂಗೋತ್ರಿಯ ಜಯಲಕ್ಷ್ಮೀ ವಿಲಾಸದಲ್ಲಿ ಜಾನಪದ ವಸ್ತುಸಂಗ್ರಹಾಲಯವಿದೆ. ಯಕ್ಷಗಾನದ ಕಿರೀಟ, ತೊಗಲುಗೊಂಬೆ, ಸೋಮನ ಮುಖ ಎಲ್ಲಕ್ಕೂ ಅಲ್ಲಿ ಜಾಗ ಸಿಕ್ಕಿದೆ. ಮರದ ಬಟ್ಟಲಿಗೂ ಜಾದೂ ಟ್ರಂಕಿಗೂ ಒಂದು ಕೋಣೆ ಕೇಳುವುದರಲ್ಲಿ ತಪ್ಪೇನಿದೆ? ಎಲ್ಲರೂ ಸಹಿ ಹಾಕಿ ಕೇಳೋಣ.

ಮಾತು ಮುಗಿದ ಮೇಲೆ ಬಂದ ಪ್ರಶ್ನೆಗಳಲ್ಲಿ ಎರಡನ್ನು ಇಲ್ಲಿ ಸೇರಿಸುತ್ತೇನೆ.

ಒಬ್ಬ ಯುವ ಜಾದೂಗಾರರು ಕೇಳಿದರು: “ಸರ್, ಯೂಟ್ಯೂಬಿನಲ್ಲಿ ಎಲ್ಲ ಟ್ರಿಕ್ಕೂ ಬಯಲಾಗಿದೆ. ಇನ್ನು ಕಾಪಾಡುವುದು ಏನಿದೆ?”

ಯೂಟ್ಯೂಬಿನಲ್ಲಿ ಟ್ರಿಕ್ಕು ಇದೆ, ಅದನ್ನು ಆಡಿದವರಿಲ್ಲ. ಚೊಂಬಿನ ಗುಟ್ಟು ಒಂದು ನಿಮಿಷದಲ್ಲಿ ಅಲ್ಲಿ ಸಿಗುತ್ತದೆ. ಅದನ್ನು ಮಳವಳ್ಳಿಯ ಶಾಲೆಯ ಮಕ್ಕಳ ಮುಂದೆ ಹಿಡಿದು ಏನು ಮಾತಾಡಿದರು, ಯಾವ ಐಟಂಗಳ ನಡುವೆ ಎಷ್ಟು ಸಲ ತಂದರು, ಅದು ಅಲ್ಲಿಲ್ಲ. ಇನ್ನೊಂದು ಮಾತು. 1976ರಲ್ಲಿ ಕುಲಪತಿಯಾಗಿದ್ದ ಎಚ್. ನರಸಿಂಹಯ್ಯನವರು ಬೆಂಗಳೂರು ವಿಶ್ವವಿದ್ಯಾಲಯದಲ್ಲಿ ಪವಾಡಗಳ ಪರಿಶೀಲನೆಗೆ ಸಮಿತಿ ಮಾಡಿದರು. ವಿಚಾರವಾದಿ ಬಿ. ಪ್ರೇಮಾನಂದರು ಜಾದೂ ಕಲಿತು, ಪವಾಡ ಎಂದು ಹೇಳಿಕೊಂಡವರ ಆಟಗಳನ್ನೆಲ್ಲ ಊರೂರಲ್ಲಿ ಮಾಡಿ ತೋರಿಸಿದರು. ಅಲ್ಲಿ ಗುಟ್ಟು ಬಿಡಿಸಿದ್ದು ಜನ ಮೋಸ ಹೋಗಬಾರದೆಂದು. ‘ಇದು ಆಟ’ ಎಂದು ಮೊದಲೇ ಹೇಳಿ ಟಿಕೆಟ್ಟು ಕೊಡುವ ಕಲಾವಿದನ ಗುಟ್ಟು ಬಿಡಿಸಿ ಲೈಕು ಗಳಿಸುವುದನ್ನು ಅದರ ಜೊತೆ ಸೇರಿಸಬೇಡಿ. ನಿಮಗೆ ಗುರು ಇದ್ದಾರಲ್ಲ, ಈ ಭಾನುವಾರವೇ ಅವರ ಮುಂದೆ ಫೋನ್ ರೆಕಾರ್ಡಿಂಗಿಗೆ ಇಟ್ಟು ಕೂತುಕೊಳ್ಳಿ.

ಮಂಡ್ಯದಿಂದ ಬಂದಿದ್ದ ಮೇಡಂ ಒಬ್ಬರು ಕೇಳಿದರು: “ನಮ್ಮದು ನೂರು ವರ್ಷದ ಸರ್ಕಾರಿ ಶಾಲೆ. ನಾವು ಎಲ್ಲಿಂದ ಶುರು ಮಾಡಬೇಕು?”

ಬೀರುವಿನಲ್ಲಿ ಹಳೆಯ ಸಂದರ್ಶಕರ ಪುಸ್ತಕ, ಶಾಲಾ ದಿನಚರಿ, ಕ್ಯಾಷ್ ಪುಸ್ತಕ ಇದ್ದೇ ಇರುತ್ತವೆ ಮೇಡಂ. ಅದರಲ್ಲಿ ‘ಈ ದಿನ ಮಧ್ಯಾಹ್ನ ಮ್ಯಾಜಿಕ್ ಪ್ರದರ್ಶನ, ತಲಾ ಇಷ್ಟು ಪೈಸೆ’ ಎಂಬಂಥ ಸಾಲು ಹುಡುಕಿ. ಸಿಕ್ಕ ಪುಟವನ್ನು ಹರಿಯದೆ, ಬೆಳಕಿರುವ ಕಡೆ ಇಟ್ಟು ಫೋಟೊ ತೆಗೆಯಿರಿ. ಪುಸ್ತಕದ ಹೊರಹೊದಿಕೆಯದೂ ಒಂದು ಫೋಟೊ ಬೇಕು, ಇಲ್ಲದಿದ್ದರೆ ಮುಂದೆ ಪುಟ ಯಾವ ಪುಸ್ತಕದ್ದೆಂದು ತಿಳಿಯುವುದಿಲ್ಲ. ಹಳೆಯ ವಿದ್ಯಾರ್ಥಿಗಳ ಸಭೆ ಕರೆದಾಗ ಆ ಸಾಲನ್ನು ಓದಿ ಹೇಳಿ, ಆ ಷೋ ನೋಡಿದವರು ಯಾರಾದರೂ ಇದ್ದಾರೆಯೇ ಎಂದು ಕೇಳಿ. ಜಾದೂಗಾರರ ಹೆಸರು ಸಿಕ್ಕರೆ ಅದರ ಕೆಳಗೆ ಇನ್ನೊಂದು ಗೆರೆ ಖಾಲಿ ಬಿಡಿ, ಜೊತೆಗೆ ಬಂದಿದ್ದ ಹೆಣ್ಣುಮಗಳ ಹೆಸರಿಗೆ. ಅದನ್ನು ತುಂಬಿದ ಮೇಲೆ ನನಗೊಂದು ಫೋನು ಮಾಡಿ, ನಾನೇ ಬಂದು ಬರೆದುಕೊಳ್ಳುತ್ತೇನೆ.